ಬೆನ್ನುನೋವಿಗೆ ಯಾವ ಕೋಡ್? ಸಿಡಿಸಿಯ ಉಚಿತ ಐಸಿಡಿ-10-ಸಿಎಂ ಬ್ರೌಸರ್ ಎಷ್ಟರ ಮಟ್ಟಿಗೆ ಸಾಕು

ಅಮೆರಿಕದಲ್ಲಿ ರೋಗನಿರ್ಣಯವನ್ನು ಬಿಲ್ಲಿನಲ್ಲಿ ಬರೆಯುವ ಕೋಡ್‌ಗಳ ಪಟ್ಟಿಯೇ ಐಸಿಡಿ-10-ಸಿಎಂ. ಅದನ್ನು ಹುಡುಕಲು ಸಿಡಿಸಿಯ (ಅಲ್ಲಿನ ಸರ್ಕಾರದ ರೋಗ ನಿಯಂತ್ರಣ ಸಂಸ್ಥೆ) ಅಂಗವಾದ ಎನ್‌ಸಿಎಚ್‌ಎಸ್ (ಆರೋಗ್ಯ ಅಂಕಿಅಂಶ ಕೇಂದ್ರ) ಒಂದು ಬ್ರೌಸರ್ ಟೂಲ್ ಇಟ್ಟಿದೆ. ದುಡ್ಡು ಕೊಡಬೇಕಿಲ್ಲ. ಕೋಡ್‌ಗಳನ್ನು ಪರಿಷ್ಕರಿಸುವ ಸಂಸ್ಥೆಯೇ ಇದನ್ನು ನಡೆಸುವುದರಿಂದ ಒಳಗಿರುವ ಮಾಹಿತಿ ಮೂಲದ್ದೇ. ಇಂಥ ಟೂಲನ್ನು ಅಳೆಯಲು ಅಪರೂಪದ ಕಾಯಿಲೆ ಬೇಕಾಗಿಲ್ಲ, ದಿನಕ್ಕೆ ಹತ್ತಾರು ಸಲ ಕೈಗೆ ಬರುವ ಬೆನ್ನುನೋವೇ ಸಾಕು. ಸುಲಭ ಅನಿಸುವ ಈ ಕೋಡಿನಲ್ಲೇ ಹೊಸ ಕೋಡರ್‌ಗಳು (ವೈದ್ಯರ ದಾಖಲೆ ಓದಿ ಕೋಡ್ ಹಾಕುವವರು) ಹೆಚ್ಚು ಎಡವುತ್ತಾರೆ, ಕ್ಲೇಮ್‌ಗಳೂ (ವಿಮೆಗೆ ಕಳಿಸುವ ಬಿಲ್ಲುಗಳು) ಹೆಚ್ಚು ವಾಪಸ್ ಬರುತ್ತವೆ. ತೀರ್ಪನ್ನು ಮೊದಲೇ ಹೇಳಿಬಿಡೋಣ: ಟ್ಯಾಬ್ಯುಲರ್ ಪಟ್ಟಿ (ಕೋಡ್‌ಗಳ ಕ್ರಮದಲ್ಲಿರುವ ಪೂರ್ಣ ಪಟ್ಟಿ) ಮತ್ತು ಅದರ ಸೂಚನೆಗಳನ್ನು ಓದಲು ಇದಕ್ಕಿಂತ ಭರವಸೆಯ ಜಾಗವಿಲ್ಲ. ಆದರೆ ಹುಡುಕಿದಾಗ ಮೊದಲು ಕಂಡ ಕೋಡನ್ನೇ ಎತ್ತಿಕೊಂಡು ಹೊರಡುವವರಿಗೆ ಇದರಿಂದ ಉಪಯೋಗಕ್ಕಿಂತ ತೊಂದರೆಯೇ ಜಾಸ್ತಿ.

ಇಂಡೆಕ್ಸ್‌ನಲ್ಲಿ, ಅಂದರೆ ಕಾಯಿಲೆಯ ಹೆಸರಿನಿಂದ ಕೋಡ್ ಹುಡುಕುವ ಅಕಾರಾದಿ ಪಟ್ಟಿಯಲ್ಲಿ, 'ಪೇನ್' ಎಂಬ ಮುಖ್ಯ ಪದದ ಕೆಳಗೆ 'ಬ್ಯಾಕ್' ನೋಡಿ. ಎದುರಿಗೆ ಸಿಗುವುದು ಎಂ54.9. 'ಬ್ಯಾಕೇಕ್' ನೋಡಿದರೂ ಅದೇ, 'ಡಾರ್ಸಾಲ್ಜಿಯಾ' ನೋಡಿದರೂ ಅದೇ. ಮೂರು ದಾರಿಯೂ ಒಂದೇ ಬಾಗಿಲಿಗೆ ಬರುವುದರಿಂದ ಇದೇ ಸರಿ ಅನ್ನಿಸಿಬಿಡುತ್ತದೆ. ಅದೇ 'ಪೇನ್' ಕೆಳಗೆ 'ಲೋ ಬ್ಯಾಕ್' ಎಂಬ ಸಾಲೂ ಇದೆ, ಅದರ ಮುಂದೆ ಎಂ54.50. ಅಲ್ಲಿಯವರೆಗೆ ಕಣ್ಣು ಇಳಿಯದೇ ಹೋದರೆ ತಪ್ಪಿತು. ನಮ್ಮ ಮಾತಿನಲ್ಲಿ ಬೆನ್ನುನೋವು ಬೇರೆ, ಸೊಂಟನೋವು ಬೇರೆ. ಕೋಡಿನ ಮರದಲ್ಲೂ ಹಾಗೆಯೇ. ಎಂ54.9 ಅಂದರೆ ಬೆನ್ನಿನಲ್ಲಿ ಎಲ್ಲೋ ನೋವು, ಎಲ್ಲಿ ಎಂದು ದಾಖಲೆಯಲ್ಲಿ ಇಲ್ಲ ಎಂದರ್ಥ. ಸೊಂಟದ ಭಾಗ ಎಂದು ವೈದ್ಯರು ಬರೆದ ಮರುಕ್ಷಣ ಈ ಕೋಡಿನ ಹಕ್ಕು ಮುಗಿಯಿತು.

ಇಂಡೆಕ್ಸ್‌ನಿಂದ ಟ್ಯಾಬ್ಯುಲರ್‌ಗೆ ಹೋಗುವಾಗ ನೇರ ಎಂ54.9ಕ್ಕೆ ಜಿಗಿಯದೆ ಎಂ54ರ ತಲೆಯಿಂದ ಓದುತ್ತಾ ಬರಬೇಕು. ಇಡೀ ಕುಟುಂಬ ಅಲ್ಲೇ ಸಾಲಾಗಿ ನಿಂತಿದೆ. ಎಂ54.1 ರ್‍ಯಾಡಿಕ್ಯುಲೋಪತಿ (ನರದ ಬೇರಿನ ತೊಂದರೆ), ಎಂ54.2 ಕತ್ತುನೋವು, ಎಂ54.3 ಸಯಾಟಿಕಾ (ಸೊಂಟದಿಂದ ಕಾಲಿಗೆ ಇಳಿಯುವ ನರದ ನೋವು), ಎಂ54.4 ಸಯಾಟಿಕಾ ಜೊತೆಗಿನ ಸೊಂಟನೋವು, ಎಂ54.5 ಸೊಂಟನೋವು, ಎಂ54.6 ಎದೆಯ ಮಟ್ಟದ ಬೆನ್ನೆಲುಬಿನ ನೋವು, ಎಂ54.8 ಇತರೆ, ಕೊನೆಯಲ್ಲಿ ಎಂ54.9. ಸಯಾಟಿಕಾದ ಎರಡು ಗುಂಪಿನಲ್ಲೂ ಕೊನೆಯ ಅಂಕಿ ಬದಿಯನ್ನು ಹೇಳುತ್ತದೆ: ಬಲಕ್ಕೆ 1, ಎಡಕ್ಕೆ 2, ಬದಿ ಬರೆದಿಲ್ಲದಿದ್ದರೆ 0. ವೈದ್ಯರು ಬದಿ ಬರೆಯುವುದನ್ನು ಮರೆತಿದ್ದು ನರ್ಸ್ ಟಿಪ್ಪಣಿಯಲ್ಲಿ ಅದು ಇದ್ದರೆ, ಅಲ್ಲಿಂದ ತೆಗೆದುಕೊಳ್ಳಲು ಅಧಿಕೃತ ಗೈಡ್‌ಲೈನ್ಸ್ (ಕೋಡ್ ಹಾಕುವ ನಿಯಮಗಳ ಪ್ರತ್ಯೇಕ ಪುಸ್ತಿಕೆ) ಒಪ್ಪುತ್ತದೆ. ಆದ್ದರಿಂದ ಎಂ54.30 ಅಥವಾ ಎಂ54.40 ಹಾಕುವ ಮೊದಲು ಚಾರ್ಟಿನ ಉಳಿದ ಪುಟಗಳನ್ನು ತಿರುವಿ ಹಾಕಬೇಕು.

ಹೆಚ್ಚು ಗಮನ ಬೇಡುವುದು ಎಂ54.5. 2021ರ ಸೆಪ್ಟೆಂಬರ್ 30ರವರೆಗೆ ಇದು ಹಾಗೆಯೇ ಸಲ್ಲುತ್ತಿದ್ದ ಪೂರ್ಣ ಕೋಡ್. ಮರುದಿನದಿಂದ, ಅಂದರೆ 2021ರ ಅಕ್ಟೋಬರ್ 1ರಿಂದ, ಅದು ಬರೀ ಶೀರ್ಷಿಕೆಯಾಯಿತು. ಅದರ ಕೆಳಗೆ ಮೂರು ಕೋಡ್ ಬಂದವು. ಎಂ54.50 ಅನಿರ್ದಿಷ್ಟ ಸೊಂಟನೋವು, ಎಂ54.51 ವರ್ಟಿಬ್ರೋಜೆನಿಕ್ (ಬೆನ್ನೆಲುಬಿನ ಮೂಳೆಯಿಂದ ಹುಟ್ಟುವ) ಸೊಂಟನೋವು, ಎಂ54.59 ಇತರೆ ಸೊಂಟನೋವು. ಹಳೆಯ ಟೆಂಪ್ಲೇಟ್, ಹಳೆಯ ಫೇವರಿಟ್ಸ್ ಪಟ್ಟಿ ಇಟ್ಟುಕೊಂಡವರಿಂದ ಐದನೆಯ ಅಂಕಿಯಿಲ್ಲದ ಎಂ54.5 ಇಂದಿಗೂ ಹೊರಬೀಳುತ್ತದೆ, ಅಮಾನ್ಯ ಕೋಡ್ ಎಂದು ಕ್ಲೇಮ್ ಹಿಂದಿರುಗುತ್ತದೆ. ಈ ಬ್ರೌಸರ್‌ನಲ್ಲಿ ಎಂ54.5 ತೆರೆದರೆ ಕೆಳಗಿನ ಮೂರೂ ಕಾಣುವುದರಿಂದ ಆ ತಪ್ಪಿಗೆ ಆಸ್ಪದವಿಲ್ಲ.

ಮೂರರಲ್ಲಿ ಯಾವುದು ಎಂಬುದಕ್ಕೆ ಟೂಲ್ ಕೊಡುವ ವಿವರ ಚಿಕ್ಕದು. ಎಂ54.50ರ ಕೆಳಗೆ ಲಂಬಾಗೊ ಎನ್‌ಒಎಸ್ (ಹೆಚ್ಚಿನ ವಿವರವಿಲ್ಲದ ಸೊಂಟನೋವು) ಮತ್ತು ಲಾಯಿನ್ ಪೇನ್, ಎಂ54.51ರ ಕೆಳಗೆ ಎಂಡ್‌ಪ್ಲೇಟ್ (ಡಿಸ್ಕ್‌ಗೆ ತಾಗುವ ಮೂಳೆಯ ಮುಖ) ನೋವಿನ ಉಲ್ಲೇಖ. ಎಂ54.51 ಬೇಕಾದರೆ ವರ್ಟಿಬ್ರೋಜೆನಿಕ್ ಅಥವಾ ಎಂಡ್‌ಪ್ಲೇಟ್ ನೋವು ಎಂಬ ಮಾತು ವೈದ್ಯರ ಬರಹದಲ್ಲಿ ಇರಬೇಕು. ಎಂಆರ್‌ಐ ವರದಿಯಲ್ಲಿ ಮೋಡಿಕ್ ಬದಲಾವಣೆ (ಎಂಡ್‌ಪ್ಲೇಟ್ ಬಳಿಯ ಮೂಳೆಯ ಬದಲಾವಣೆ) ಕಂಡಿದೆ ಎಂದು ಕೋಡರ್ ತಾನೇ ಅಲ್ಲಿಗೆ ಹೋಗುವಂತಿಲ್ಲ. ಬೇಸಿವರ್ಟಿಬ್ರಲ್ ನರದ ಅಬ್ಲೇಷನ್‌ಗೆ (ಈ ನೋವಿಗಾಗಿ ಮೂಳೆಯೊಳಗಿನ ನರವನ್ನು ಸುಡುವ ಚಿಕಿತ್ಸೆ) 2022ರ ಜನವರಿ 1ರಿಂದ 64628, 64629 ಎಂಬ ಸಿಪಿಟಿ (ಚಿಕಿತ್ಸೆಯನ್ನು ಹೇಳುವ) ಕೋಡ್‌ಗಳು ಬಂದಿವೆ. ಅಂಥ ಕ್ಲೇಮ್‌ಗಳ ಪಕ್ಕದಲ್ಲಿ ಎಂ54.50 ಇಟ್ಟರೆ ಮಾಡಿದ ಚಿಕಿತ್ಸೆಗೂ ಬರೆದ ಕಾರಣಕ್ಕೂ ತಾಳೆಯೇ ಬೀಳುವುದಿಲ್ಲ. ಇನ್ನು ಎಂ54.59 ಹೆಚ್ಚು ದುರ್ಬಳಕೆಯಾಗುವ ಕೋಡ್. ವೈದ್ಯರು ಒಂದು ನಿರ್ದಿಷ್ಟ ಬಗೆಯ ಸೊಂಟನೋವನ್ನು ಹೆಸರಿಸಿದ್ದು, ಅದಕ್ಕೆ ಪ್ರತ್ಯೇಕ ಕೋಡ್ ಇಲ್ಲದಿದ್ದಾಗ ಮಾತ್ರ ಅದು ಸಲ್ಲುತ್ತದೆ. ಕ್ರಾನಿಕ್ (ದೀರ್ಘಕಾಲದ್ದು) ಎಂದು ಬರೆದಿದ್ದಾರೆ ಎಂಬ ಕಾರಣಕ್ಕೆ, ಇಲ್ಲವೇ 'ಅನಿರ್ದಿಷ್ಟ' ಎಂಬ ಪದ ಕ್ಲೇಮ್ ಮೇಲೆ ಬೀಳದಿರಲಿ ಎಂಬ ಕಾರಣಕ್ಕೆ ಅದನ್ನು ಹಾಕುವುದು ತಪ್ಪು. ಕ್ರಾನಿಕ್ ಸೊಂಟನೋವು ಕೂಡ ಎಂ54.50.

ಈ ಟೂಲಿನ ನಿಜವಾದ ಬೆಲೆ ಎಕ್ಸ್‌ಕ್ಲೂಡ್ಸ್ (ಹೊರಗಿಡುವ) ಸೂಚನೆಗಳಲ್ಲಿದೆ. ಎಂ54ರ ತಲೆಯಲ್ಲೇ ಎಕ್ಸ್‌ಕ್ಲೂಡ್ಸ್ 1 ಅಡಿ ಮಾನಸಿಕ ಮೂಲದ ಬೆನ್ನುನೋವು, ಎಫ್45.41, ನಿಂತಿದೆ. ಎಂ54.5ರ ತಲೆಯಲ್ಲಿ ಇನ್ನೂ ಮೂರು: ಸೊಂಟದ ಸ್ನಾಯು ಸೆಳೆತ ಎಸ್39.012, ಡಿಸ್ಕ್ ಜರುಗಿದ್ದರಿಂದ ಬಂದ ಸೊಂಟನೋವು ಎಂ51.2, ಸಯಾಟಿಕಾ ಜೊತೆಗಿನದು ಎಂ54.4. ಎಕ್ಸ್‌ಕ್ಲೂಡ್ಸ್ 1 ಎಂದರೆ ಎರಡನ್ನೂ ಒಟ್ಟಿಗೆ ಹಾಕುವಂತಿಲ್ಲ. ಒಂದಕ್ಕೊಂದು ಸಂಬಂಧವೇ ಇಲ್ಲದ ಎರಡು ತೊಂದರೆಗಳಾಗಿದ್ದರೆ ಮಾತ್ರ ಗೈಡ್‌ಲೈನ್ಸ್ ವಿನಾಯಿತಿ ಕೊಡುತ್ತದೆ. ಎಕ್ಸ್‌ಕ್ಲೂಡ್ಸ್ 2 ಎಂದರೆ ಅದು ಇದರೊಳಗೆ ಸೇರಿಲ್ಲ ಅಷ್ಟೇ, ಎರಡೂ ಇದ್ದರೆ ಎರಡನ್ನೂ ಹಾಕಬಹುದು. ಎಂ54.50 ಜೊತೆ ಎಂ54.41, ಎಂ54.50 ಜೊತೆ ಎಂ51.26 ಇಟ್ಟು ಕಳಿಸುವ ಕ್ಲೇಮ್‌ಗಳು ಸ್ಕ್ರಬ್ಬರ್‌ನಲ್ಲೇ (ಕ್ಲೇಮ್ ಪರಿಶೀಲಿಸುವ ತಂತ್ರಾಂಶ) ಸಿಕ್ಕಿಬೀಳುವುದು ಇದೇ ಕಾರಣಕ್ಕೆ.

ಇಲ್ಲಿಯೇ ಒಂದು ದೊಡ್ಡ ಕೊರತೆಯೂ ಇದೆ. ಸೂಚನೆ ಇರುವುದು ತಾಯಿ ಸಾಲಿನಲ್ಲಿ, ಕಣ್ಣು ಇರುವುದು ಮಗುವಿನ ಸಾಲಿನಲ್ಲಿ. ಎಂ54.50 ಸಾಲನ್ನೊಂದನ್ನೇ ನೋಡಿದವರಿಗೆ ಎಂ54.5ಕ್ಕೆ, ಎಂ54ಕ್ಕೆ, ಅಧ್ಯಾಯ 13ರ ಆರಂಭಕ್ಕೆ ಅಂಟಿಕೊಂಡ ಸೂಚನೆಗಳೂ ಅನ್ವಯಿಸುತ್ತವೆ ಎಂಬುದು ಹೊಳೆಯುವುದಿಲ್ಲ. ಕೋಡ್ ಆರಿಸಿದ ಮೇಲೆ ಮೂರು ಹಂತ ಮೇಲಕ್ಕೆ ಹತ್ತಿ ಓದುವುದನ್ನು ಕೈಗೆ ಅಭ್ಯಾಸ ಮಾಡಿಸಬೇಕು. ಗರ್ಭಿಣಿಯ ಸೊಂಟನೋವು ಅಂಥದ್ದೇ ಒಂದು ಸಂದರ್ಭ. ಗರ್ಭಧಾರಣೆಯ ಅಧ್ಯಾಯದ ಕೋಡ್‌ಗೆ ಮೊದಲ ಸ್ಥಾನ, ಸಾಮಾನ್ಯವಾಗಿ ತ್ರೈಮಾಸಿಕಕ್ಕೆ ತಕ್ಕ ಒ26.89 ಗುಂಪಿನದು. ಆಮೇಲೆ ಎಂ54.50. ಈ ಭೇಟಿಗೂ ಗರ್ಭಕ್ಕೂ ಸಂಬಂಧವಿಲ್ಲ ಎಂದು ವೈದ್ಯರು ಬರೆದಿದ್ದರಷ್ಟೇ ಜೆಡ್33.1ರ (ಗರ್ಭಿಣಿ ಎಂದಷ್ಟೇ ಹೇಳುವ ಕೋಡ್) ದಾರಿ.

ಒಂದು ಚಾರ್ಟನ್ನು ಹತ್ತಿರದಿಂದ ನೋಡೋಣ. ಬಂದ ಕಾರಣದ ಸಾಲಿನಲ್ಲಿ 'ಬ್ಯಾಕ್ ಪೇನ್'. ವೈದ್ಯರದೇ ವಿವರಣೆಯಲ್ಲಿ 'ಮೂರು ದಿನದಿಂದ ಲೋ ಬ್ಯಾಕ್ ಪೇನ್, ಎಡಗಾಲಿಗೆ ಇಳಿಯುತ್ತದೆ'. ಪರೀಕ್ಷೆಯಲ್ಲಿ ಎಲ್4-ಎಲ್5 (ಸೊಂಟದ ಕೆಳಗಿನ ಎರಡು ಬೆನ್ನುಮೂಳೆ) ಪಕ್ಕದ ಸ್ನಾಯು ಮುಟ್ಟಿದರೆ ನೋವು. ಕೊನೆಯ ಅಸೆಸ್‌ಮೆಂಟ್‌ನಲ್ಲಿ (ವೈದ್ಯರ ತೀರ್ಮಾನದ ಭಾಗ) 'ಬ್ಯಾಕ್ ಪೇನ್, ರೂಲ್ ಔಟ್ ಡಿಸ್ಕ್ ಹರ್ನಿಯೇಷನ್', ಅಂದರೆ ಡಿಸ್ಕ್ ಜರುಗಿದೆಯೇ ಎಂದು ಇನ್ನೂ ನೋಡಬೇಕು. ಕೊನೆಯ ಸಾಲನ್ನಷ್ಟೇ ಓದಿದವರು ಎಂ54.9 ಹಾಕುತ್ತಾರೆ. ಅತಿ ಉತ್ಸಾಹದವರು ಎಂ51.26 ಹಾಕುತ್ತಾರೆ. ಇನ್ನು ಕೆಲವರು ಎಡಗಾಲಿಗೆ ಇಳಿಯುತ್ತದಲ್ಲ ಎಂದು ಎಂ54.42. ಮೂರೂ ತಪ್ಪು. ಹೊರರೋಗಿ ಭೇಟಿಯಲ್ಲಿ 'ರೂಲ್ ಔಟ್', 'ಪ್ರಾಬಬಲ್', 'ಸಸ್ಪೆಕ್ಟೆಡ್', 'ಕನ್ಸಿಸ್ಟೆಂಟ್ ವಿತ್' ಎಂದು ಬರೆದದ್ದನ್ನು ಇರುವ ಕಾಯಿಲೆಯೆಂದು ಕೋಡ್ ಮಾಡುವಂತಿಲ್ಲ. ಒಳರೋಗಿಯನ್ನು ಬಿಡುಗಡೆ ಮಾಡುವಾಗಿನ ನಿಯಮ ಬೇರೆ, ಅಲ್ಲಿ ಅನುಮಾನವೆಂದು ಬರೆದದ್ದನ್ನೂ ಇರುವುದೆಂದೇ ಹಿಡಿಯುತ್ತಾರೆ. ಎರಡನ್ನೂ ಕಲಸಿಕೊಂಡವರು ಬಹಳ. ಕಾಲಿಗೆ ಇಳಿಯುವ ನೋವನ್ನು ಸಯಾಟಿಕಾ ಎಂದು ಕರೆಯಬೇಕಾದವರು ವೈದ್ಯರು, ಕೋಡರ್ ಕರೆಯುವಂತಿಲ್ಲ. ಎಲ್4-ಎಲ್5 ಎಂಬ ಪರೀಕ್ಷೆಯ ಮಾತೊಂದರಿಂದ ರೋಗನಿರ್ಣಯ ಹುಟ್ಟುವುದಿಲ್ಲ. ಆದರೆ ಅದೇ ವೈದ್ಯರು ಅದೇ ಭೇಟಿಯ ವಿವರಣೆಯಲ್ಲಿ 'ಲೋ ಬ್ಯಾಕ್ ಪೇನ್' ಎಂದು ಸ್ಪಷ್ಟವಾಗಿ ಬರೆದಿದ್ದಾರೆ, ಗೈಡ್‌ಲೈನ್ಸ್ ಪ್ರಕಾರ ಇಡೀ ದಾಖಲೆಯನ್ನು ಓದಿಯೇ ನಿರ್ಧರಿಸಬೇಕು. ಹಾಗಾಗಿ ಎಂ54.50 ನಿಲ್ಲುತ್ತದೆ, ಕಾಲಿನ ನೋವಿನ ಬಗ್ಗೆ ವೈದ್ಯರಿಗೆ ಒಂದು ಕ್ವೆರಿ (ಸ್ಪಷ್ಟನೆ ಕೇಳುವ ಪ್ರಶ್ನೆ) ಹೋಗುತ್ತದೆ. ಈ ತರ್ಕದ ಒಂದು ಸಾಲೂ ಬ್ರೌಸರ್‌ನ ಕೋಡ್ ಪಟ್ಟಿಯಲ್ಲಿ ಸಿಗುವುದಿಲ್ಲ. ಗೈಡ್‌ಲೈನ್ಸ್ ಪಿಡಿಎಫ್ ಪಕ್ಕದ ಕಿಟಕಿಯಲ್ಲಿ ತೆರೆದಿರಲೇಬೇಕು.

ಎಂಆರ್‌ಐ ಆಗಿ ವರದಿ ಬಂದ ಮೇಲೆ ಚಿತ್ರ ಬದಲಾಗುತ್ತದೆ. ರೇಡಿಯಾಲಜಿಸ್ಟ್ ಓದಿ ಅಂತಿಮ ವರದಿ ಕೊಟ್ಟಿದ್ದು, ಕೋಡ್ ಮಾಡುವ ಹೊತ್ತಿಗೆ ಅದು ಕೈಯಲ್ಲಿದ್ದರೆ, ಆ ಪರೀಕ್ಷೆಯ ಕ್ಲೇಮ್‌ಗೆ ದೃಢಪಟ್ಟ ರೋಗವನ್ನೇ ಕೋಡ್ ಮಾಡಬೇಕು. ನೋವನ್ನು ಹೆಚ್ಚುವರಿಯಾಗಿ ಸೇರಿಸಬೇಕಿಲ್ಲ. ಡಿಸ್ಕ್ ಸವೆತದ ಕೋಡ್‌ಗಳೂ 2024ರ ಅಕ್ಟೋಬರ್ 1ರಿಂದ ಒಡೆದಿವೆ. ಎಂ51.36 ಇದ್ದ ಜಾಗದಲ್ಲಿ ಈಗ ಎಂ51.360 ಬರೀ ಡಿಸ್ಕ್ ಮೂಲದ ಬೆನ್ನುನೋವಿಗೆ, ಎಂ51.361 ಬರೀ ಕಾಲುನೋವಿಗೆ, ಎಂ51.362 ಎರಡೂ ಇದ್ದಾಗ, ಎಂ51.369 ನೋವಿನ ಮಾತೇ ಇಲ್ಲದಾಗ. ಸೊಂಟ ಮತ್ತು ತ್ರಿಕಾಸ್ಥಿ ಕೂಡುವ ಜಾಗದ ಎಂ51.37 ಕೂಡ ಇದೇ ರೀತಿ ನಾಲ್ಕಾಗಿದೆ. ನೋವು ಕೋಡಿನ ಒಳಗೇ ಸೇರಿರುವುದರಿಂದ ಎಂ51.360 ಪಕ್ಕದಲ್ಲಿ ಅದೇ ನೋವಿಗೆ ಎಂ54.50 ಇಡುವುದು ಒಂದೇ ಮಾತನ್ನು ಎರಡು ಸಲ ಹೇಳಿದಂತೆ.

ವರ್ಷ ಆರಿಸುವ ಸೌಲಭ್ಯಕ್ಕೆ ಪೂರ್ತಿ ಅಂಕ ಕೊಡಬಹುದು. ಕೋಡ್ ವರ್ಷ ಅಕ್ಟೋಬರ್ 1ಕ್ಕೆ ಶುರುವಾಗಿ ಸೆಪ್ಟೆಂಬರ್ 30ಕ್ಕೆ ಮುಗಿಯುತ್ತದೆ, ನಡುವೆ ಏಪ್ರಿಲ್ 1ರಂದೂ ಬದಲಾವಣೆ ಬರಬಹುದು. ನೋಡಬೇಕಾದದ್ದು ಸೇವೆ ಕೊಟ್ಟ ದಿನ, ಒಳರೋಗಿಯಾದರೆ ಬಿಡುಗಡೆಯ ದಿನ. ಕ್ಲೇಮ್ ಕಳಿಸುವ ದಿನಕ್ಕೆ ಇಲ್ಲಿ ಲೆಕ್ಕವಿಲ್ಲ. ಹಳೆಯ ಕ್ಲೇಮನ್ನು ತಿದ್ದಿ ಕಳಿಸುವವರು ಈ ಒಂದು ಆಯ್ಕೆಯನ್ನು ಮರೆತೇ ಎಡವುತ್ತಾರೆ. ಪಕ್ಕೆನೋವನ್ನು ತೆಗೆದುಕೊಳ್ಳಿ. 2025ರ ಅಕ್ಟೋಬರ್ 1ರಿಂದ 'ಫ್ಲ್ಯಾಂಕ್ ಪೇನ್' ಎಂಬುದಕ್ಕೆ ಆರ್10.ಎ ಎಂಬ ಹೊಸ ಗುಂಪು ಬಂದಿದೆ, ಬಲಕ್ಕೆ ಆರ್10.ಎ1, ಎಡಕ್ಕೆ ಆರ್10.ಎ2. ಆದರೆ 'ಲಾಯಿನ್ ಪೇನ್' ಎಂದು ಬರೆದರೆ ಅದು ಎಂ54.50 ಕೆಳಗೇ ಇದೆ. ರೋಗಿ ಕೈಯಿಟ್ಟು ತೋರಿಸುವ ಜಾಗ ಹೆಚ್ಚುಕಡಿಮೆ ಅದೇ, ವೈದ್ಯರು ಆರಿಸಿದ ಒಂದು ಪದದಿಂದ ಕೋಡಿನ ಅಧ್ಯಾಯವೇ ಬದಲಾಗುತ್ತದೆ.

ಪೆಟ್ಟಿನಿಂದ ಬಂದ ನೋವಿಗೆ ಎಂ54 ಹುಡುಕುವುದೇ ತಪ್ಪು ದಾರಿ. ಭಾರ ಎತ್ತುವಾಗ ಸೊಂಟದ ಸ್ನಾಯು ಎಳೆದಿದೆ, ವೈದ್ಯರು 'ಸ್ಟ್ರೇನ್' ಎಂದಿದ್ದಾರೆ ಅಂದರೆ ಎಸ್39.012. ಲಿಗಮೆಂಟ್ ಉಳುಕಿದೆ, 'ಸ್ಪ್ರೇನ್' ಎಂದಿದ್ದಾರೆ ಅಂದರೆ ಎಸ್33.5. ಎರಡಕ್ಕೂ ಏಳನೆಯ ಅಕ್ಷರ ಕಡ್ಡಾಯ: ಚಿಕಿತ್ಸೆ ಸಕ್ರಿಯವಾಗಿ ನಡೆಯುವಾಗ ಎ, ವಾಸಿಯಾಗುವ ಹಂತದ ಭೇಟಿಗಳಿಗೆ ಡಿ, ಉಳಿದುಕೊಂಡ ಪರಿಣಾಮಕ್ಕೆ ಎಸ್. ಎ ಎಂದರೆ ಮೊದಲ ಭೇಟಿ ಎಂದುಕೊಂಡು ಎರಡನೆಯ ಭೇಟಿಗೆ ಕಣ್ಣುಮುಚ್ಚಿ ಡಿ ಹಾಕುವವರಿದ್ದಾರೆ. ಭೇಟಿ ಎಷ್ಟನೆಯದು ಎಂಬುದು ಮುಖ್ಯವಲ್ಲ, ಚಿಕಿತ್ಸೆ ಯಾವ ಹಂತದಲ್ಲಿದೆ ಎಂಬುದು ಮುಖ್ಯ. ಎಸ್33.5ರಲ್ಲಿ ನಡುವೆ ಎರಡು ಎಕ್ಸ್ ತುಂಬಿ ಎಸ್33.5ಎಕ್ಸ್‌ಎಕ್ಸ್‌ಎ ಎಂದು ಬರೆಯಬೇಕು. ಈ ಏಳನೆಯ ಅಕ್ಷರದ ಸೂಚನೆ ಕೂಡ ಎಸ್33ರ ತಲೆಯಲ್ಲಿರುತ್ತದೆ, ಮತ್ತೆ ಅದೇ ಮೇಲೆ ಹತ್ತಿ ನೋಡುವ ಕೆಲಸ.

ನೋವಿನ ಜಿ89 ಗುಂಪಿನ ವಿಷಯದಲ್ಲಿ ಟೂಲ್ ಅರ್ಧ ಮಾತ್ರ ಹೇಳುತ್ತದೆ. ಅಲ್ಲಿ ಬೆನ್ನೆಲುಬಿನ ನೋವು ಎಂ54 ಎಕ್ಸ್‌ಕ್ಲೂಡ್ಸ್ 2ರಲ್ಲಿದೆ, ಅಂದರೆ ಎರಡೂ ಒಟ್ಟಿಗೆ ಬರಬಹುದು. ಯಾವುದು ಮೊದಲು ಎಂಬುದು ಗೈಡ್‌ಲೈನ್ಸ್‌ನ ಆರನೆಯ ಅಧ್ಯಾಯದ ಭಾಗದಲ್ಲಿದೆ. ಭೇಟಿ ನೋವು ನಿಯಂತ್ರಣಕ್ಕೇ ಆಗಿದ್ದರೆ ಜಿ89.29 (ಇತರೆ ಕ್ರಾನಿಕ್ ನೋವು) ಮೊದಲು, ಎಂ54.50 ನಂತರ. ಬೇರೆ ಕಾರಣಕ್ಕೆ ಬಂದಿದ್ದರೆ ಕ್ರಮ ತಿರುಗುಮುರುಗು. ಅಕ್ಯೂಟ್ (ಹೊಸದಾಗಿ ಬಂದ) ಅಥವಾ ಕ್ರಾನಿಕ್ ಎಂಬ ಮಾತು ದಾಖಲೆಯಲ್ಲಿ ಇಲ್ಲವೆಂದರೆ ಬೆನ್ನುನೋವಿನ ಜೊತೆ ಜಿ89 ಬೇಡ. ಎಷ್ಟು ದಿನವಾದರೆ ಕ್ರಾನಿಕ್ ಎಂದು ಗೈಡ್‌ಲೈನ್ಸ್ ಗಡುವು ಹಾಕಿಲ್ಲ, ವೈದ್ಯರ ಮಾತೇ ಆಧಾರ. 'ಆರು ತಿಂಗಳಿಂದ ನೋವು' ಎಂದು ಓದಿ ಕೋಡರ್ ತಾನೇ ಕ್ರಾನಿಕ್ ಮಾಡಬಾರದು.

ಪೇಯರ್‌ಗಳ (ಹಣ ಕೊಡುವ ವಿಮಾ ಸಂಸ್ಥೆಗಳ) ನಿಯಮದ ಮಟ್ಟಿಗೆ ಈ ಟೂಲ್‌ಗೆ ಏನೂ ಗೊತ್ತಿಲ್ಲ. ಇದನ್ನು ತಪ್ಪು ಎನ್ನುವುದಕ್ಕಿಂತ ಅದರ ಎಲ್ಲೆ ಎನ್ನಬಹುದು, ಆದರೆ ಬಳಸುವವರಿಗೆ ಅದು ಗೊತ್ತಿರಬೇಕು. ಕೋಡ್ ಮಾನ್ಯವಾಗಿದೆ ಎಂದ ಮಾತ್ರಕ್ಕೆ ಹಣ ಬರುತ್ತದೆ ಎಂದೇನಿಲ್ಲ. ಮೆಡಿಕೇರ್ (ಮುಖ್ಯವಾಗಿ ಹಿರಿಯರಿಗಿರುವ ಅಮೆರಿಕ ಸರ್ಕಾರದ ವಿಮೆ) 2020ರ ಜನವರಿ 21ರಿಂದ ಕ್ರಾನಿಕ್ ಸೊಂಟನೋವಿನ ಆಕ್ಯುಪಂಕ್ಚರ್‌ಗೆ ಹಣ ಕೊಡುತ್ತದೆ: 90 ದಿನದಲ್ಲಿ 12 ಭೇಟಿ, ಗುಣ ಕಂಡರೆ ಇನ್ನೂ 8, ವರ್ಷಕ್ಕೆ ಒಟ್ಟು 20 ಮೀರಬಾರದು. ಅಲ್ಲಿ ಕ್ರಾನಿಕ್ ಎಂದರೆ 12 ವಾರ ಅಥವಾ ಹೆಚ್ಚು ಎಂಬ ಲೆಕ್ಕವಿದೆ, ಜಿ89ರಲ್ಲಿ ಇಲ್ಲದ ಗಡುವು ಇಲ್ಲಿದೆ. ಜಾಗವನ್ನೇ ಹೇಳದ ಎಂ54.9 ಆ ಸೌಲಭ್ಯದ ಮೊದಲ ಷರತ್ತನ್ನೇ ತೋರಿಸಿಕೊಡಲಾರದು. ಕೈರೋಪ್ರಾಕ್ಟಿಕ್ (ಕೈಯಿಂದ ಬೆನ್ನೆಲುಬು ಸರಿಪಡಿಸುವ ಚಿಕಿತ್ಸೆ) ಕ್ಲೇಮ್‌ನಲ್ಲಿ ಮೆಡಿಕೇರ್ ಕೇಳುವುದು ಸಬ್‌ಲಕ್ಸೇಷನ್, ಅಂದರೆ ಬೆನ್ನೆಲುಬಿನ ಕೀಲು ಸರಿಯಾದ ಸ್ಥಿತಿಯಲ್ಲಿಲ್ಲದಿರುವುದು. ಸೊಂಟದ ಭಾಗಕ್ಕೆ ಎಂ99.03 ಮುಂದೆ ನಿಂತು ಎಂ54.50 ಹಿಂದೆ ಬರಬೇಕು. ಎಂಆರ್‌ಐ, ಇಂಜೆಕ್ಷನ್, ಫಿಸಿಕಲ್ ಥೆರಪಿ ಪ್ರತಿಯೊಂದಕ್ಕೂ ಆಯಾ ಪೇಯರ್‌ನ ಕವರೇಜ್ ಪಾಲಿಸಿಯನ್ನು ಬೇರೆಯಾಗಿ ತೆರೆದು ನೋಡಲೇಬೇಕು.

ಇಷ್ಟೆಲ್ಲ ಹೇಳಿದ ಮೇಲೆ ಎಂ54.9 ಪರವಾಗಿಯೂ ಮಾತಾಡಬೇಕು, ಏಕೆಂದರೆ ಅದಕ್ಕೆ ಅನ್ಯಾಯವಾಗುತ್ತಿದೆ. 'ಅನಿರ್ದಿಷ್ಟ ಕೋಡ್ ಹಾಕಲೇಬಾರದು' ಎಂದು ಕೆಲವು ಕಚೇರಿಗಳಲ್ಲಿ ಗೋಡೆಗೆ ಅಂಟಿಸುವಷ್ಟು ಹೆದರಿಕೆ ಇದೆ. ಗೈಡ್‌ಲೈನ್ಸ್‌ನ ಮೊದಲ ವಿಭಾಗದಲ್ಲೇ ಇದಕ್ಕೆ ಉತ್ತರವಿದೆ: ಲಕ್ಷಣದ ಕೋಡ್‌ಗಳಿಗೂ ಅನಿರ್ದಿಷ್ಟ ಕೋಡ್‌ಗಳಿಗೂ ಒಪ್ಪಿತ, ಕೆಲವೊಮ್ಮೆ ಅನಿವಾರ್ಯ ಬಳಕೆಯಿದೆ. ದಾಖಲೆಯಲ್ಲಿ ಇಲ್ಲದ ನಿಖರತೆಯನ್ನು ಕೋಡಿನಲ್ಲಿ ತೋರಿಸುವುದು, ಕೋಡ್ ನಿಖರವಾಗಲಿ ಎಂದು ಬೇಡದ ಪರೀಕ್ಷೆ ಮಾಡಿಸುವುದು, ಎರಡನ್ನೂ ಅದು ಬೇಡ ಎನ್ನುತ್ತದೆ. ತುರ್ತು ಚಿಕಿತ್ಸಾ ಘಟಕದಲ್ಲಿ ರೋಗಿ ಬೆನ್ನಿನುದ್ದಕ್ಕೂ ನೋವು ಎನ್ನುತ್ತಾನೆ, ವೈದ್ಯರು 'ಬ್ಯಾಕ್ ಪೇನ್' ಎಂದಷ್ಟೇ ಬರೆದು ಮನೆಗೆ ಕಳಿಸುತ್ತಾರೆ, ದಾಖಲೆಯಲ್ಲಿ ಬೇರೆಲ್ಲೂ ಜಾಗದ ಸುಳಿವಿಲ್ಲ. ಆಗ ಎಂ54.9 ಪ್ರಾಮಾಣಿಕ ಕೋಡ್, ಅದನ್ನು ಧೈರ್ಯವಾಗಿ ಹಾಕಬೇಕು.

ಉಳಿದ ಸಂದರ್ಭಗಳಲ್ಲಿ ಕ್ವೆರಿ. ಅದನ್ನು ಬರೆಯುವ ರೀತಿಯಲ್ಲೇ ಅದರ ಮಾನ ಇದೆ. 'ಇದು ಸಯಾಟಿಕಾ ಎಂದು ಸೇರಿಸುತ್ತೀರಾ' ಎಂದು ಕೇಳಿದರೆ ಉತ್ತರವನ್ನು ನಾವೇ ಬಾಯಿಗೆ ಹಾಕಿದಂತೆ. ಮೇಲಿನ ಚಾರ್ಟಿಗೆ ಹೀಗೆ ಬರೆಯಬಹುದು: 'ವಿವರಣೆಯಲ್ಲಿ ಸೊಂಟನೋವು ಎಡಗಾಲಿಗೆ ಇಳಿಯುತ್ತದೆ ಎಂದಿದೆ, ಅಸೆಸ್‌ಮೆಂಟ್‌ನಲ್ಲಿ ಬೆನ್ನುನೋವು ಎಂದಿದೆ. ನಿಮ್ಮ ವೈದ್ಯಕೀಯ ನಿರ್ಧಾರದಂತೆ ಈ ಕಾಲುನೋವಿನ ರೋಗನಿರ್ಣಯವನ್ನು ದಯವಿಟ್ಟು ಸ್ಪಷ್ಟಪಡಿಸಿ: ಸಯಾಟಿಕಾ ಜೊತೆಗಿನ ಸೊಂಟನೋವು, ರ್‍ಯಾಡಿಕ್ಯುಲೋಪತಿ, ಸಂಬಂಧವಿಲ್ಲದ ಕಾಲುನೋವು, ಇತರೆ, ಹೇಳಲಾಗದು.' ಕೊನೆಯ ಎರಡು ಆಯ್ಕೆ ಇಲ್ಲದ ಕ್ವೆರಿ ಆಡಿಟ್‌ನಲ್ಲಿ ನಿಲ್ಲುವುದಿಲ್ಲ.

ಕೊನೆಗೆ ಒಂದು ಚಿಕ್ಕ ವಿಷಯ. ಬ್ರೌಸರ್‌ನಲ್ಲಿ ಕೋಡ್ ಚುಕ್ಕಿಯೊಂದಿಗೆ ಕಾಣುತ್ತದೆ, ಕ್ಲೇಮ್ ಕಳಿಸುವ ಸಿಎಂಎಸ್-1500 ಫಾರಂನ 21ನೆಯ ಚೌಕದಲ್ಲಿ ಚುಕ್ಕಿ ಹಾಕಬಾರದು. ಎಂ5450 ಎಂದೇ ಬರೆಯಬೇಕು, ಐಸಿಡಿ ಸೂಚಕದ ಜಾಗದಲ್ಲಿ 0. ಎ ಯಿಂದ ಎಲ್ ವರೆಗೆ ಹನ್ನೆರಡು ರೋಗನಿರ್ಣಯಕ್ಕೆ ಜಾಗವಿದ್ದರೂ 24ಇ ಚೌಕದಲ್ಲಿ ಒಂದು ಸೇವೆಗೆ ನಾಲ್ಕನ್ನು ಮಾತ್ರ ಜೋಡಿಸಬಹುದು. ಸೊಂಟದ ಎಕ್ಸ್-ರೇ ಸಾಲನ್ನು ರಕ್ತದೊತ್ತಡದ ಕೋಡಿಗೆ ಜೋಡಿಸಿಬಿಟ್ಟರೆ, ಎಷ್ಟು ಎಚ್ಚರದಿಂದ ಎಂ54.50 ಆರಿಸಿದ್ದರೂ ಆ ಸಾಲು ಡಿನಯ್ ಆಗಿಯೇ ಬರುತ್ತದೆ.